ಶಾಕುಂತಲದ ಚಿತ್ರಫಲಕವೂ ಅನಂತ ಪೈಯವರ ಚಿತ್ರಕಥೆಗಳೂ

ಕಾರ್ಕಳದಲ್ಲಿ ೧೯೨೯ರಲ್ಲಿ ಜನಿಸಿ ೨೦೧೧ರಲ್ಲಿ ಮುಂಬಯಿಯಲ್ಲಿ ದಿವಂಗತರಾದ ಅನಂತ ಪೈಯವರು 'ಅಮರ ಚಿತ್ರಕಥಾ' ಮಾಲೆಯ ಸಂಪಾದಕರೆಂದು ಭಾರತಖಂಡದಲ್ಲೆಲ್ಲ ವಿಖ್ಯಾತರು. ಬಾಲಕರಿಗಾಗಿ ಹುಟ್ಟಿದುವೆಂಬ ಮಾತ್ರಕ್ಕೆ ಈ ಪುಸ್ತಕಗಳನ್ನು ವಿದ್ವಾಂಸರು ಉಪೇಕ್ಷಿಸುವುದು ಯುಕ್ತವಲ್ಲ. ಪುರಾಣಕಥೆಗಳನ್ನು ಎಷ್ಟೋ ಮಂದಿ ಮೊದಲು ಕಂಡುದು ಇವುಗಳಲ್ಲಿಯೇ.

೧೯೬೭ರಲ್ಲಿ ದೆಹಲಿಯ ದೂರದರ್ಶನದ ಪ್ರಶ್ನೋತ್ತರ ಸ್ಪರ್ಧೆಯೊಂದರಲ್ಲಿ, ಗ್ರೀಕರ ದೇವತೆಗಳನ್ನು ಬಲ್ಲ ಮಕ್ಕಳು ಶ್ರೀರಾಮನ ತಾಯಿಯ ಹೆಸರನ್ನು ಹೇಳಲಾರದೆ ಹೋದುದೇ ಪೈಯವರ ಉದ್ಯಮಕ್ಕೆ ಪ್ರೇರಣೆಯೆಂದು ಪ್ರಸಿದ್ಧಿ. ಮಾಲೆಯ ಮೊದಲ ಹತ್ತು ಸಂಖ್ಯೆಗಳು ಪಾಶ್ಚಾತ್ಯ ಕಥೆಗಳ ಕನ್ನಡ ರೂಪಗಳಾದುದರಿಂದ 'ಕೃಷ್ಣ'ವು ೧೧ನೆಯದಾಯಿತು. ಬೆಲ್ಜಿಯಂ ದೇಶದ ಹೆರ್ಜೆಯು 'ಟಿನ್‌ಟಿನ್' ಕಥೆಗಳನ್ನು ತಾನೇ ರಚಿಸಿ ತಾನೇ ಚಿತ್ರಿಸಿದನು. ಪೈಯವರದು ಬೇರೆಯ ಕ್ರಮ. 'ಕೃಷ್ಣ'ದ ಮಾತು ಅವರದು, ಚಿತ್ರ ರಾಮ್ ವಾಈರ್ಕರ್ ಅವರದು. ವಿಸ್ತಾರವಾದ ಪುರಾಣವನ್ನು ಅಲ್ಪಪತ್ರಗಳಲ್ಲಿ ಕಥಾಸೂತ್ರ ಕಡಿಯದಂತೆ ಸಂಗ್ರಹಿಸಿದುದು ಸಾಮಾನ್ಯ ಶಕ್ತಿಯಲ್ಲ.

ಆದರೆ ಗುಣದ ಸಂಗಡ ದೋಷವನ್ನೂ ಎಣಿಸತಕ್ಕುದು. ಗುಂಡ್ಲುಪೇಟೆಯ ಬಳಿಯ ಬೇಗೂರಿನ ಸೀಮೆಯಲ್ಲಿ ಮಲೆಯ ಮಹದೇಶ್ವರನ ಕಥೆಯನ್ನು ಕಂಸಾಳೆಯವರು ಹಾಡುವರು. ಹಾಡುವವರು ಬೇರೆಯಾದಂತೆ ಕಥೆಯೂ ತುಸು ಬೇರೆಯಾಗುವುದು. ದೇವರ ರೂಪವನ್ನು ಕೇಳುಗನು ತನ್ನ ಮನಸ್ಸಿನಲ್ಲಿಯೇ ಕಟ್ಟಿಕೊಳ್ಳುವನು. ಚಿತ್ರಕಥೆಯಲ್ಲಿಯಾದರೋ ರೂಪವೂ ಒಂದೇ, ಪಾಠವೂ ಒಂದೇ. ಮಾಲೆಯ ೧೨ನೆಯ ಪುಸ್ತಕವಾದ 'ಶಕುಂತಲಾ'ವು ಕಾಳಿದಾಸನ ಮಾರ್ಗವನ್ನು ಹಿಡಿದಿದೆ. ಮಹಾಭಾರತದ ಶಕುಂತಲೋಪಾಖ್ಯಾನದಲ್ಲಿ ದುರ್ವಾಸನ ಶಾಪವೂ ಇಲ್ಲ, ಉಂಗುರವೂ ಇಲ್ಲ. ಅಲ್ಲಿ ಶಕುಂತಲೆಯು ರಾಜಸಭೆಯಲ್ಲಿ ನಿಂತು ಧರ್ಮವನ್ನು ನಿರ್ಭಯವಾಗಿ ನುಡಿಯುವಳು. ಚಿತ್ರವನ್ನಷ್ಟೇ ಕಂಡ ಬಾಲಕನಿಗೆ ಆ ಶಕುಂತಲೆ ಇರುವಳೆಂಬುದೇ ತಿಳಿಯದು.

ಈ ದೋಷದ ನಿದಾನವು ಕಾಳಿದಾಸನ ನಾಟಕದಲ್ಲಿಯೇ ದೊರೆಯುವುದು. ಆರನೆಯ ಅಂಕದಲ್ಲಿ ದುಷ್ಯಂತನು ಪ್ರಿಯೆಯ ಚಿತ್ರವನ್ನು ಬರೆದಿದ್ದಾನೆ. ಅದು ಮುಗಿದಿಲ್ಲ. ಮಾಲಿನೀ ನದಿ, ಹಂಸಮಿಥುನ, ಕಿವಿಯ ಶಿರೀಷಪುಷ್ಪ, ಇವೆಲ್ಲ ಇನ್ನೂ ಬರೆಯಬೇಕಾದುವು. ಬರೆಯದೆ ಉಳಿದುದನ್ನು ಅವನು ಹೇಳುವಾಗಲೇ ಸಹೃದಯನ ಕಣ್ಣಿಗೆ ಆಶ್ರಮವು ಕಟ್ಟುವುದು. ಹೀಗೆ ಉಳಿಸುವ ಅವಕಾಶವೇ ಧ್ವನಿಗೆ ಆಶ್ರಯ. ಪೈಯವರ ಮಾಲೆಯಲ್ಲಿ ಚೌಕವೆಲ್ಲ ತುಂಬಿರುವುದರಿಂದ ಈ ಅವಕಾಶ ವಿರಳ. ಅದೇ ಅಂಕದಲ್ಲಿ ರಾಜನು ಚಿತ್ರದ ದುಂಬಿಯನ್ನು ನಿಜವೆಂದು ಭ್ರಮಿಸಿ ಗದರಿಸುವನು. ಇದು ಚಿತ್ರವೆಂದು ವಿದೂಷಕನು ಎಚ್ಚರಿಸುವನು.

ಆದುದರಿಂದ ಚಿತ್ರಕಥೆಯನ್ನು ಪಾಠಶಾಲೆಯಿಂದ ಹೊರಗಟ್ಟಬೇಕಾಗಿಲ್ಲ. ಬೇಗೂರಿನಲ್ಲಾಗಲಿ ಬೆಂಗಳೂರಿನಲ್ಲಾಗಲಿ, ಅಧ್ಯಾಪಕನು ವಿದೂಷಕನ ಸ್ಥಾನದಲ್ಲಿ ನಿಂತು, ಇದು ಚಿತ್ರ, ಕಥೆ ಇನ್ನೂ ಉಂಟು ಎಂದು ತಿಳಿಸಿ ಮೂಲಗ್ರಂಥವನ್ನು ತೆರೆಯತಕ್ಕುದು. ವಿದೂಷಕನ ಮಾತಿನಿಂದ ದುಷ್ಯಂತನಿಗೆ ದುಃಖವಾಯಿತು. ಅಧ್ಯಾಪಕನ ಮಾತಿನಿಂದ ಬಾಲಕನಿಗೆ ಕುತೂಹಲ ಹುಟ್ಟಬೇಕು. ಹುಟ್ಟಿದರೆ ಪೈಯವರ ಶ್ರಮ ಸಾರ್ಥಕ.