ಗೋಟಾ ಕಾಲುವೆಯ ಒಂಟಿ ಸವಾರರು

ಸ್ವೀಡನ್ನಿನ ಗೋಟಾ ಕಾಲುವೆಯ ದಂಡೆ ಹಿಡಿದು ಒಬ್ಬರೇ ಸೈಕಲ್ಲು ತುಳಿದು, ರಾತ್ರಿ ಡೇರೆಯಲ್ಲಿ ಮಲಗಿದವರ ಪ್ರವಾಸಕಥನಗಳಲ್ಲಿ ನಮಗೆ ಬಹುಮಟ್ಟಿಗೆ ದೊರೆಯುವುದು ದಿನಚರಿ: ಎದ್ದೆನು, ತುಳಿದೆನು, ಮಳೆ ಬಂತು, ಮಲಗಿದೆನು. (ನಮ್ಮ ವಿದ್ಯಾರ್ಥಿಗಳ ಪ್ರವಾಸಪ್ರಬಂಧವೂ ಹೀಗೆಯೇ!) ದಾರಿ ಸಮತಟ್ಟಾಗಿದೆಯೆಂಬ ಮೆಚ್ಚುಗೆ ಧಾರಾಳ, ಅದೇಕೆ ಸಮತಟ್ಟೆಂಬ ಪ್ರಶ್ನೆ ಮಾತ್ರ ಅಪೂರ್ವ. ದೋಣಿಗಳನ್ನು ಹಗ್ಗದಿಂದ ಎಳೆಯುತ್ತಿದ್ದ ಎತ್ತು ಕುದುರೆಗಳಿಗಾಗಿ ಮಾಡಿದ ದಾರಿಯದು. 190 ಕಿಲೋಮೀಟರು ಉದ್ದದ ಈ ಜಲಮಾರ್ಗದಲ್ಲಿ 87 ಕಿಲೋಮೀಟರನ್ನು 1810ರಿಂದ 1832ರವರೆಗೆ ಸುಮಾರು 58,000 ಮಂದಿ, ಹೆಚ್ಚಾಗಿ ಸೈನಿಕರು, ಬಹುಪಾಲು ಕೈಯಿಂದಲೇ ಅಗೆದರು. ಮುಂದೆ ನಿಂತು ಮಾಡಿಸಿದ ಫಾನ್ ಪ್ಲಾಟೆನ್ ಕೆಲಸ ಮುಗಿಯುವ ಮುನ್ನವೇ, 1829ರಲ್ಲಿ, ತೀರಿಕೊಂಡನು; ಮೋಟಾಲಾ ಊರಿನಲ್ಲಿ ಕಾಲುವೆಯ ಬದಿಯಲ್ಲೇ ಅವನ ಸಮಾಧಿಯಿದೆ. ಸವಾರನು ಅದನ್ನು ಹಾದುಹೋಗಿ ಪಂಕ್ಚರಿನ ಕಥೆ ಬರೆಯುತ್ತಾನೆ!

ಒಂಟಿತನದ ಮಾತೂ ಅಷ್ಟೆ. ಮನೆಗಳಿಂದ ದೂರವಿದ್ದು, ಪರರ ನೆಲದಲ್ಲಿ ಒಂದೆರಡು ರಾತ್ರಿ ಡೇರೆ ಹಾಕಬಹುದೆಂಬುದು ಆ ನಾಡಿನ ಹಳೆಯ ರೂಢಿ. ಅದರ ಹಕ್ಕು 1994ರಲ್ಲಿ ಸಂವಿಧಾನವನ್ನೂ ಸೇರಿತು. ಅಷ್ಟು ಜನರ ದಾಕ್ಷಿಣ್ಯದಲ್ಲಿ ಮಲಗಿದವನು ತಾನೊಬ್ಬನೇ ಎಂದರೆ ನಾವು ಒಪ್ಪಲಾರೆವು.

ಬೆರ್ಗ್ ಎಂಬಲ್ಲಿ, ನೀರು ತುಂಬಿ ದೋಣಿಯನ್ನು ಮೆಟ್ಟಿಲುಮೆಟ್ಟಿಲಾಗಿ 18.8 ಮೀಟರು ಏರಿಸುವ 7 ಲಾಕುಗಳ ಎದುರು ಮಾತ್ರ ಇವರು ಸೈಕಲ್ಲಿನಿಂದ ಇಳಿದು ನಿಲ್ಲುತ್ತಾರೆ. ಆ ಪುಟಗಳನ್ನು ನಾವು ಎರಡು ಸಲ ಓದಿದೆವು.