ಒಡೆದ ಕಡಗದ ಒಂಬತ್ತನೆಯ ಅಕ್ಷರ

ಅದ್ಭುತ ಕಥೆಗಳಲ್ಲಿ ಬರುವ ಮಾಂತ್ರಿಕ ವಸ್ತುಗಳು ಸಾಮಾನ್ಯವಾಗಿ ಏನಾದರೊಂದು ಕೆಲಸವನ್ನು ಮಾಡುತ್ತವೆ. ಅಲ್ಲಾವುದ್ದೀನನು ದೀಪವನ್ನು ಉಜ್ಜಿದರೆ ಭೂತವು ಎದ್ದು ಬರುತ್ತದೆ. ಟಾಲ್ಕಿನ್ನರ ಕಥೆಯಲ್ಲಿ ಉಂಗುರವನ್ನು ತೊಟ್ಟವನು ಕಣ್ಣಿಗೆ ಕಾಣದಂತಾಗುತ್ತಾನೆ. ನಮ್ಮ ಕಾವ್ಯಗಳಲ್ಲಾದರೋ ಇನ್ನೊಂದು ಬಗೆಯ ಉಂಗುರವುಂಟು. ಆಂಜನೇಯನು ಅಶೋಕವನಕ್ಕೆ ಕೊಂಡೊಯ್ದುದೂ, ದುಷ್ಯಂತನು ಶಕುಂತಲೆಯ ಬೆರಳಿಗಿಟ್ಟುದೂ ಗುರುತಿನ ಉಂಗುರಗಳು. ಅವುಗಳ ಶಕ್ತಿಯೆಲ್ಲವೂ ಕಂಡವರು ಗುರುತಿಸುವುದರಲ್ಲಿದೆ.

ಅಮೆರಿಕದ ಲೇಖಿಕೆ ಉರ್ಸುಲಾ ಲೆ ಗ್ವಿನ್ (1929–2018) ಅವರು ಕಲ್ಪಿಸಿದ ಅರ್ಥ್‌ಸೀ ಎಂಬ ದ್ವೀಪಲೋಕದಲ್ಲಿ ಬರುವ ಎರೆತ್-ಅಕ್ಬೆಯ ಕಡಗವು ಮೊದಲ ನೋಟಕ್ಕೆ ದೀಪದ ಜಾತಿಯದೆನಿಸಿದರೂ ವಾಸ್ತವವಾಗಿ ಗುರುತಿನ ಜಾತಿಯದು. ಹುಡುಗರ ಕಥೆಯೆಂದು ಇದನ್ನು ಬದಿಗಿರಿಸುವ ಅಧ್ಯಾಪಕ ಮಿತ್ರರು ಈ ಒಂದು ವಸ್ತುವನ್ನಾದರೂ ಗಮನಿಸಬೇಕೆಂದು ನನ್ನ ಬಿನ್ನಹ.

ಅದು ಬೆಳ್ಳಿಯ ಕಡಗ. ಗಂಡಸಿನ ತೋಳಿಗೆ ಹಿಡಿಸದಷ್ಟು ಕಿರಿದು. ಅದರ ಒಳಮೈಯಲ್ಲಿ ಒಂಬತ್ತು ಮಂತ್ರಾಕ್ಷರಗಳು. ಪೂರ್ವದ ಕಾರ್ಗಾಡ್ ದ್ವೀಪಗಳಲ್ಲಿ ನಡೆದ ಕಾಳಗವೊಂದರಲ್ಲಿ ಅದು ಎರಡು ತುಂಡಾಯಿತು. ನಾಲ್ಕು ಅಕ್ಷರಗಳು ಈ ತುಂಡಿನಲ್ಲಿ, ನಾಲ್ಕು ಆ ತುಂಡಿನಲ್ಲಿ ಉಳಿದುವು. ಒಂಬತ್ತನೆಯದು ಮಾತ್ರ ನಡುವೆಯೇ ಸೀಳಿಹೋಯಿತು. ಮಿಕ್ಕ ಎಂಟನ್ನೂ ಮಂತ್ರವಾದಿಗಳು ಬಲ್ಲರು. ಸೀಳಿದುದನ್ನು ಬರೆಯುವ ಬಗೆ ಯಾರಿಗೂ ನೆನಪಿಲ್ಲ. ಅದೇ ನಾಡುಗಳನ್ನು ಕಟ್ಟಿಹಿಡಿಯುವ ಅಕ್ಷರ, ಆಳ್ವಿಕೆಯ ಗುರುತು, ಶಾಂತಿಯ ಗುರುತು. ಅದು ಕಳೆದ ಮೇಲೆ ಹ್ಯಾವ್ನರ್ ನಗರದ ಸಿಂಹಾಸನವು ನೂರಾರು ವರ್ಷ ಬರಿದಾಗಿಯೇ ಉಳಿಯಿತು.

ಒಂದು ತುಂಡು ಅಟುವಾನ್ ದ್ವೀಪದ ಸಮಾಧಿಗಳ ಕೆಳಗಿನ ಕತ್ತಲೆಯ ಭಂಡಾರವನ್ನು ಸೇರಿತು. ಇನ್ನೊಂದು, ಪದಚ್ಯುತವಾದ ರಾಜವಂಶದ ಕೈಯಲ್ಲಿ ಉಳಿದು, ಕೊನೆಗೆ ನಡುಗಡ್ಡೆಯೊಂದರಲ್ಲಿ ಬಿಸುಡಲ್ಪಟ್ಟ ಮುದುಕಿಯೊಬ್ಬಳ ಪಾಲಾಯಿತು. 1968ರ ಮೊದಲ ಕಾದಂಬರಿಯಲ್ಲಿ ಆಕೆ ಅದನ್ನು ಹಡಗೊಡೆದು ಬಂದ ಗೆಡ್‌ನ ಕೈಗಿಡುತ್ತಾಳೆ. ಕೊಟ್ಟವಳಿಗೂ ಪಡೆದವನಿಗೂ ಅದರ ಬೆಲೆ ತಿಳಿಯದು. ಅಟುವಾನಿನ ತುಂಡಿನ ಗತಿಯಂತೂ ಇನ್ನೂ ವಿಚಿತ್ರ: ಕಾರ್ಗರು ಬರೆಹವನ್ನೇ ಮಾಟವೆಂದು ಅಂಜುವವರು. ಅಕ್ಷರವರಿಯದ ಪೂಜಾರಿಣಿಯರು ಅರ್ಧ ಅಕ್ಷರವೊಂದನ್ನು ತಲೆತಲಾಂತರದಿಂದ ಕಾಯುತ್ತಾರೆ!

ಪ್ರಾಚೀನ ಗ್ರೀಕರಲ್ಲಿ ಒಂದು ಪದ್ಧತಿಯಿತ್ತು. ಆತಿಥ್ಯದ ನಂಟು ಬೆಳೆಸಿದ ಇಬ್ಬರು ಒಂದು ವಸ್ತುವನ್ನು ಮುರಿದು ತುಂಡೊಂದನ್ನು ತಮ್ಮ ತಮ್ಮಲ್ಲಿ ಇರಿಸಿಕೊಳ್ಳುತ್ತಿದ್ದರು. ಮುಂದೆ ಅವನ್ನು ಜೋಡಿಸಿ ನೋಡಿದಾಗ ಗುರುತು ಹತ್ತುತ್ತಿತ್ತು. ಅದಕ್ಕೆ ‘ಸಿಂಬೊಲೊನ್’ ಎಂದು ಹೆಸರು. ಇಂಗ್ಲಿಷಿನಲ್ಲಿ ಸಂಕೇತಕ್ಕಿರುವ ಪದ ಹುಟ್ಟಿದುದು ಇದರಿಂದಲೇ. ಎರಡು ತುಂಡುಗಳೂ ಸಮಾನವಾದುವು ಎಂಬುದು ಅದರ ಜೀವಾಳ. ಒಂದು ಒತ್ತಕ್ಷರದ ಒತ್ತನ್ನು ಒಬ್ಬ ಹುಡುಗನಿಗೂ ಮೇಲಿನ ಅಕ್ಷರವನ್ನು ಇನ್ನೊಬ್ಬನಿಗೂ ಕೊಟ್ಟು ಓದಿರೆಂದರೆ ಇಬ್ಬರೂ ತಪ್ಪಾಗಿಯೇ ಓದುವರಷ್ಟೆ.

1971ರಲ್ಲಿ ಬಂದ ಎರಡನೆಯ ಕಾದಂಬರಿ ಅಟುವಾನಿನ ಸಮಾಧಿಗಳನ್ನು ಕುರಿತದ್ದು. ಅಲ್ಲಿ ಗೆಡ್ ಮತ್ತು ಪೂಜಾರಿಣಿ ತೆನಾರ್ ತುಂಡುಗಳನ್ನು ಕೂಡಿಸುತ್ತಾರೆ. ಕಾರ್ಗರ ದಾಳಿಗೆ ತುತ್ತಾದ ಊರಿನವನು ಅವನು, ಕಾರ್ಗರವಳು ಅವಳು. ಕಡಗವು ಅವಳ ಕೈಗೆ ಅಳತೆ ಮಾಡಿಸಿದಂತೆ ಕೂಡುತ್ತದೆ. ಆದರೆ ಲೇಖಿಕೆ ಆ ಅಕ್ಷರದ ಆಕಾರವನ್ನು ಓದುಗರಿಗೆ ಬಿಡಿಸಿ ತೋರಿಸುವುದಿಲ್ಲ. ಇದು ಲೋಪವಲ್ಲ, ಔಚಿತ್ಯವೆಂದೇ ನನ್ನ ಎಣಿಕೆ. ತೋರಿಸಿದ್ದರೆ ಅದೊಂದು ಯಂತ್ರದ ರೇಖೆಯಾಗುತ್ತಿತ್ತು, ತಾಯಿತಕ್ಕೆ ಸಲ್ಲುತ್ತಿತ್ತು.

ನನ್ನ ತಕರಾರಿರುವುದು ಬೇರೆಡೆ. ಆಳ್ವಿಕೆಗೂ ಶಾಂತಿಗೂ ಒಂದೇ ಅಕ್ಷರವೇ? ಸಂಸ್ಕೃತದ ‘ಬಂಧ’ದಿಂದಲೇ ನಮಗೆ ‘ಬಂಧು’ವೂ ಬಂದಿದ್ದಾನೆ, ‘ಬಂಧನ’ವೂ ಬಂದಿದೆ. ಕೂಡಿದ ಕಡಗವು ಹೋಗಿ ನಿಲ್ಲುವುದು ಹ್ಯಾವ್ನರಿನಲ್ಲಿ. ಅದರ ಅರ್ಧವನ್ನು ಕಾಯ್ದ ಕಾರ್ಗಾಡಿನ ಮಾತನ್ನು ಯಾರೂ ಎತ್ತುವುದಿಲ್ಲ. ಗೆಡ್‌ನ ಕೈ ಹಿಡಿದು ಹಡಗಿನಿಂದಿಳಿಯುವ ತೆನಾರ್ ಒಂದು ದಡದವರಿಗೆ ಶಾಂತಿದೂತೆ; ಇನ್ನೊಂದು ದಡದಿಂದ ನೋಡಿದರೆ ಗೆದ್ದವರ ಸೊತ್ತು. ಎರಡು ನಾಡುಗಳ ನಡುವೆ ಬದುಕುವ ನಮ್ಮಂಥವರ ಕಣ್ಣಿಗೆ ಈ ಎರಡನೆಯ ನೋಟವು ಬೀಳದೆ ಇರದು. 1972ರ ಮೂರನೆಯ ಕಾದಂಬರಿಯಲ್ಲಿ ಅರಸು ಲೆಬಾನೆನ್ ದೊರೆತನು. ಅಲ್ಲಿಗೆ ಎಲ್ಲವೂ ಸುಖಾಂತವೆಂದು ಓದುಗರು ನಂಬಿದರು.

ಲೇಖಿಕೆಯೇ ನಂಬಲಿಲ್ಲವೆಂಬುದು ಆಕೆಯ ದೊಡ್ಡತನ. ಹದಿನೆಂಟು ವರ್ಷಗಳ ಬಳಿಕ, 1990ರಲ್ಲಿ, ಆಕೆ ‘ತೆಹಾನು’ವನ್ನು ಬರೆದರು. ಕಡಗವನ್ನು ತಂದವಳು ಗಾಂಟ್ ದ್ವೀಪದಲ್ಲಿ ಒಕ್ಕಲಿಗನ ವಿಧವೆಯಾಗಿ ಕುರಿ ಮೇಕೆಗಳ ನಡುವೆ ಇದ್ದಾಳೆ. ಅಕ್ಷರ ಕೂಡಿದೆ, ಅರಸನೂ ಇದ್ದಾನೆ. ಆದರೂ ಎಳೆಯ ಹುಡುಗಿಯೊಬ್ಬಳನ್ನು ಅವಳ ಬಳಗದವರೇ ಬೆಂಕಿಗೆ ನೂಕಿದ್ದಾರೆ. ಆ ಮಗುವಿನ ಸುಟ್ಟ ಮುಖವನ್ನು ಯಾವ ಮಂತ್ರಾಕ್ಷರವೂ ಸರಿಮಾಡದು. ತನ್ನ ಸಂಕೇತಕ್ಕೆ ತಾನೇ ಇಷ್ಟು ನಿಷ್ಠುರವಾದ ವಿಮರ್ಶೆ ಬರೆದ ಕಾದಂಬರಿಕಾರರು ವಿರಳ.

2001ರ ‘ದಿ ಅದರ್ ವಿಂಡ್’ನಲ್ಲಿ ಕಾರ್ಗಾಡಿನ ದೊರೆ ತನ್ನ ಮಗಳು ಸೆಸೆರಾಕ್‌ಳನ್ನು ಲೆಬಾನೆನ್‌ನ ಆಸ್ಥಾನಕ್ಕೆ ಕಳುಹುತ್ತಾನೆ. ಕಡಗದ ಪಾಲನ್ನು ಕೇಳುವವರು ಕಡೆಗೂ ಬಂದರು! ಅರಸನು ಸಿಟ್ಟಾಗುತ್ತಾನೆ, ಕೆಂಪು ಮುಸುಕಿನೊಳಗಿನ ಆ ಹುಡುಗಿಯ ಮಾತು ಅವನಿಗೆ ತಿಳಿಯದು. ಆಗ ನೆರವಿಗೆ ಬರುವವಳು ಮುಪ್ಪಾದ ತೆನಾರ್. ಎಷ್ಟೋ ವರ್ಷಗಳಿಂದ ಆಡದಿದ್ದ ತಾಯ್ನುಡಿಯನ್ನು ಮತ್ತೆ ನಾಲಗೆಗೆ ತಂದುಕೊಂಡು, ಹೆದರಿದ ಹುಡುಗಿಯನ್ನು ಅವಳದೇ ಮಾತಿನಲ್ಲಿ ಸಂತೈಸಿ, ಅರಸನ ನುಡಿಯನ್ನು ಒಂದೊಂದು ಪದವಾಗಿ ಕಲಿಸುತ್ತಾಳೆ. ನಾಲ್ಕು ಕಾದಂಬರಿಗಳಲ್ಲಿ ಬಂದ ಕಡಗದ ಕೆಲಸವು ನನಗೆ ನಿಜವಾಗಿ ನಡೆದಂತೆ ಕಂಡದ್ದು ಈ ಪಾಠದಲ್ಲಿ. ಕಲಿಯುವ ಹೊರೆ ಇಲ್ಲಿಯೂ ಬಹುಮಟ್ಟಿಗೆ ಕಾರ್ಗರ ಹುಡುಗಿಯದೇ ಆಯಿತೆಂಬ ಕೊರತೆಯನ್ನು ಮಾತ್ರ ನಾನು ಮರೆಯಲಾರೆ.