ಮಾತು ಮುಗಿದ ಮೇಲೂ ಮುಖ ನೋಡಿ: ಪೋಷಕ ನಟನೆಯ ರಸಿಕರಿಗೊಂದು ಕೈಪಿಡಿ

‘ಭಾರತ್ ಸ್ಟೋರ್ಸ್’ ಚಿತ್ರ ನೋಡುವ ಮುಂಚೆ ಒಂದು ಕೆಲಸ ಮಾಡಿ. ಬೆಂಗಳೂರಿನ ನಮ್ಮ ಮತ್ತಿಕೆರೆಯ ಮುಖ್ಯರಸ್ತೆಯಲ್ಲೋ ಅಡ್ಡರಸ್ತೆಗಳಲ್ಲೋ ಉಳಿದಿರುವ ಹಳೆಯ ದಿನಸಿ ಅಂಗಡಿಯೊಂದಕ್ಕೆ ಸಂಜೆ ಹೊತ್ತು ಹೋಗಿ, ಗಿರಾಕಿಗಳ ಹಿಂದೆ ಸ್ವಲ್ಪ ಹೊತ್ತು ನಿಲ್ಲಿ. ಯಶವಂತಪುರದ ಯಾರ್ಡಿನಿಂದ ಮೂಟೆ ತರಿಸಿ ಬೇಳೆ, ಬೆಲ್ಲ, ಅಕ್ಕಿ ಮಾರುವ ಯಜಮಾನರನ್ನು ಗಮನಿಸಿ. ಕೈ ಒಬ್ಬರಿಗೆ ತೂಗುತ್ತಿರುತ್ತದೆ, ಬಾಯಿ ಇನ್ನೊಬ್ಬರ ಲೆಕ್ಕ ಕೂಡುತ್ತಿರುತ್ತದೆ. ಸಾಲ ಕೇಳಲು ಬಂದವರು ಯಾರೆಂಬುದು, ಅವರು ಬಾಯಿ ತೆರೆಯುವ ಮೊದಲೇ ಯಜಮಾನರಿಗೆ ಗೊತ್ತಾಗಿರುತ್ತದೆ. ಒಂದೇ ಕಸುಬನ್ನು ನಲವತ್ತು ವರ್ಷ ಮಾಡಿದರೆ ಅದು ಮೈಯಲ್ಲಿ ಹೇಗೆ ಇಳಿದು ಕೂತಿರುತ್ತದೆ ಎಂಬುದು ಅಲ್ಲಿ ಕಾಣುತ್ತದೆ. ಅದನ್ನು ಕಂಡು ಬಂದ ಕಣ್ಣಿನಲ್ಲೇ ಚಿತ್ರ ನೋಡಿ.

ಪಿ. ಶೇಷಾದ್ರಿಯವರು ನಿರ್ದೇಶಿಸಿದ ಈ ಚಿತ್ರದಲ್ಲಿ ಅಂಗಡಿಯ ಯಜಮಾನ ಗೋವಿಂದ ಶೆಟ್ಟಿಯಾಗಿ ಇರುವವರು ಎಚ್. ಜಿ. ದತ್ತಾತ್ರೇಯ. ಕನ್ನಡಿಗರೆಲ್ಲರಿಗೂ ಅವರು ದತ್ತಣ್ಣ. ದೊಡ್ಡ ಬಂಡವಾಳದ ಮಾಲುಗಳು ಬಂದು ಬೀದಿಯ ಚಿಲ್ಲರೆ ಅಂಗಡಿಗಳು ಉಸಿರು ಕಳೆದುಕೊಳ್ಳುವ ಕತೆ ಅದು. 2012ರ ಸಾಲಿನ ರಾಷ್ಟ್ರ ಪ್ರಶಸ್ತಿಗಳಲ್ಲಿ ಕನ್ನಡದ ಅತ್ಯುತ್ತಮ ಚಿತ್ರವೆಂಬ ಗೌರವ ಇದಕ್ಕೆ ಬಂತು, ದತ್ತಣ್ಣನವರ ಅಭಿನಯಕ್ಕೆ ವಿಶೇಷ ಉಲ್ಲೇಖವೂ ಸಿಕ್ಕಿತು. ಇಲ್ಲಿ ಅವರು ಪೋಷಕ ನಟರಲ್ಲ, ಕತೆಯೇ ಅವರದು. ಆದರೂ ಹೊಸಬರು ಇದರಿಂದಲೇ ಶುರು ಮಾಡಲಿ ಎಂಬುದು ನನ್ನ ಆಸೆ. ಇತರ ಚಿತ್ರಗಳಲ್ಲಿ ಐದು ನಿಮಿಷ, ಹತ್ತು ನಿಮಿಷ ಬಂದುಹೋಗುವ ನಟ ಇಲ್ಲಿ ಕಣ್ತುಂಬ ಸಿಗುತ್ತಾರೆ. ಅವರ ನಡಿಗೆ, ಕೂರುವ ಭಂಗಿ, ದನಿಯ ಏರಿಳಿತ ಒಮ್ಮೆ ಮನಸ್ಸಿನಲ್ಲಿ ನಿಂತರೆ, ಆಮೇಲೆ ಯಾವ ಚಿತ್ರದ ಯಾವ ಮೂಲೆಯಲ್ಲಿ ಅವರು ಕಾಣಿಸಿಕೊಂಡರೂ ಏನನ್ನು ಬದಲಿಸಿಕೊಂಡಿದ್ದಾರೆ ಎಂದು ತಿಳಿಯುತ್ತದೆ.

ಪೋಷಕ ನಟನೆಯನ್ನು ಸವಿಯುವುದಕ್ಕೆ ಕಲಿಯಬೇಕಾದದ್ದು ಮುಖ್ಯವಾಗಿ ಒಂದೇ: ಮಾತಾಡುವವರನ್ನು ಬಿಟ್ಟು ಕೇಳುವವರ ಕಡೆ ಕಣ್ಣು ತಿರುಗಿಸುವುದು. ನಾವು ಸಾಮಾನ್ಯವಾಗಿ ಸಂಭಾಷಣೆಯ ಬೆನ್ನು ಹತ್ತಿ ಹೋಗುತ್ತೇವೆ. ಯಾರ ಬಾಯಿ ಆಡುತ್ತದೋ ಅವರ ಮೇಲೆ ದೃಷ್ಟಿ. ನಾಯಕ ಗುಡುಗಿದಾಗ ಆ ಗುಡುಗು ನಮಗೆ ತಟ್ಟುವುದು ಎದುರಿಗಿರುವ ಅಪ್ಪನ, ಮೇಷ್ಟ್ರ, ಅಂಗಡಿಯವನ ಮುಖ ಬಾಡುವುದರಿಂದ. ಆ ಮುಖ ಬಾಡದಿದ್ದರೆ ನಾಯಕನ ಮಾತು ಬರೀ ಕೂಗಾಟ. ಆದ್ದರಿಂದ ನಿಮಗೆ ಇಷ್ಟವಾದ ಒಂದು ದೃಶ್ಯವನ್ನು ಎರಡನೇ ಸಲ ಹಾಕಿ, ನಾಯಕನನ್ನು ಸಂಪೂರ್ಣ ಮರೆತು ಪಕ್ಕದವರನ್ನು ಮಾತ್ರ ನೋಡಿ. ಮೂರನೇ ಸಲ ದನಿ ತೆಗೆದುಬಿಟ್ಟು ನೋಡಿ. ಒಳ್ಳೆಯ ಪೋಷಕ ನಟರಿದ್ದರೆ ಯಾರು ಯಾರಿಗೆ ಏನಾಗಬೇಕು, ಯಾರ ಮಾತು ಯಾರಿಗೆ ನೋವು ಮಾಡಿತು ಎಂಬುದೆಲ್ಲ ಮೂಕವಾಗಿಯೇ ಅರ್ಥವಾಗುತ್ತದೆ.

ಈ ಪಾಠಕ್ಕೆ ಕನ್ನಡದಲ್ಲಿ ಟಿ. ಎನ್. ಬಾಲಕೃಷ್ಣ ಅವರಿಗಿಂತ ದೊಡ್ಡ ಗುರು ಇಲ್ಲ. ಅವರಿಗೆ ಕಿವಿ ಕೇಳಿಸುತ್ತಿರಲಿಲ್ಲ. ಎದುರಿನ ನಟರ ತುಟಿಯ ಚಲನೆಯನ್ನು ಓದಿಕೊಂಡೇ ತಮ್ಮ ಮಾತಿನ ಸಮಯಕ್ಕೆ ಸರಿಯಾಗಿ ಬಾಯಿ ತೆರೆಯುತ್ತಿದ್ದರು. ‘ಬಂಗಾರದ ಮನುಷ್ಯ’ದ (1972) ರಾಚೂಟಪ್ಪನನ್ನು ಇದು ಗೊತ್ತಿದ್ದು ನೋಡಿ. ಎದುರಿನವರ ಮುಖವನ್ನು ಅವರು ಹಿಡಿದುಕೊಳ್ಳುವ ರೀತಿಯಲ್ಲಿ ಒಂದು ತೀವ್ರತೆ ಇದೆ. ಕಿವಿ ಚೆನ್ನಾಗಿರುವ ಎಷ್ಟೋ ನಟರು ಎದುರಿನವರ ಮಾತು ಯಾವಾಗ ಮುಗಿಯುತ್ತದೋ ಎಂದು ಕಾಯುತ್ತಾ ನಿಂತಿರುತ್ತಾರೆ. ಬಾಲಕೃಷ್ಣ ಕಾಯುವುದಿಲ್ಲ, ಗ್ರಹಿಸುತ್ತಿರುತ್ತಾರೆ. ಈ ವ್ಯತ್ಯಾಸ ಒಮ್ಮೆ ಕಣ್ಣಿಗೆ ಬಿದ್ದರೆ ನೀವು ಅರ್ಧ ರಸಿಕರಾದ ಹಾಗೆ.

ಇನ್ನೊಬ್ಬರು ಕೆ. ಎಸ್. ಅಶ್ವಥ್. ಹುಟ್ಟಿದ್ದು 1925ರಲ್ಲಿ, ರಾಜ್‌ಕುಮಾರ್ ಅವರಿಗಿಂತ ನಾಲ್ಕೇ ವರ್ಷ ಹಿರಿಯರು. 1955ರ ‘ಸ್ತ್ರೀರತ್ನ’ದಿಂದ ಚಿತ್ರರಂಗಕ್ಕೆ ಬಂದವರು ಬಹುಬೇಗ ತೆರೆಯ ಮೇಲೆ ಅಪ್ಪನಾದರು, ಗುರುವಾದರು. ‘ನಾಗರಹಾವು’ ಚಿತ್ರದ ಚಾಮಯ್ಯ ಮೇಷ್ಟ್ರನ್ನು ಮಾಡಿದಾಗ ಅವರಿಗೆ ಐವತ್ತೂ ಆಗಿರಲಿಲ್ಲ. ನಿರ್ದೇಶಕ ಪುಟ್ಟಣ್ಣ ಕಣಗಾಲ್ ಅಂಥ ಪಾತ್ರವನ್ನು ಅವರ ಹೆಗಲ ಮೇಲೆ ಇಟ್ಟದ್ದು ಸುಮ್ಮನೆ ಅಲ್ಲ. ರಾಮಾಚಾರಿಯಾಗಿ ವಿಷ್ಣುವರ್ಧನ್ ಉರಿಯುವ ಬೆಂಕಿ. ಆ ಬೆಂಕಿ ಯಾರ ಮಾತಿಗೆ ತಣಿಯುತ್ತದೆ ಎಂದು ಪ್ರೇಕ್ಷಕ ನಂಬದಿದ್ದರೆ ಕತೆ ನಿಲ್ಲುವುದಿಲ್ಲ. ಶಿಷ್ಯ ಪ್ರೀತಿಸಿದ ಹುಡುಗಿ ಅಲಮೇಲುವನ್ನು ಬಿಟ್ಟುಕೊಡು ಎಂದು ಕೇಳುವ ಮೇಷ್ಟ್ರನ್ನು ನಾವು ದ್ವೇಷಿಸಬೇಕಿತ್ತು. ಅಶ್ವಥ್ ಅವರ ದನಿಯಲ್ಲಿರುವ ವಾತ್ಸಲ್ಯ ನಮ್ಮನ್ನು ದ್ವೇಷಿಸಲು ಬಿಡುವುದಿಲ್ಲ. ಅಲಮೇಲು ಯಾವ ಸ್ಥಿತಿಗೆ ಬಂದಳೆಂದು ತಿಳಿದ ಮೇಲೆ ಶಿಷ್ಯ ತಿರುಗಿಬೀಳುತ್ತಾನಲ್ಲ, ಆಗ ಆ ಮುಖವನ್ನು ನೋಡಿ. ತಾನು ಒಳ್ಳೆಯದೆಂದು ಮಾಡಿದ್ದು ಕೆಟ್ಟದ್ದಾಯಿತೆಂಬ ಅರಿವು ಮೇಷ್ಟ್ರ ಗಾಂಭೀರ್ಯವನ್ನು ಒಳಗಿನಿಂದ ಕುಸಿಯುವಂತೆ ಮಾಡುತ್ತದೆ. ಕೋಟೆಯ ಬಂಡೆಯಿಂದ ಮೇಷ್ಟ್ರು ಕೆಳಗುರುಳುವ ಮೊದಲೇ ಅವರು ಬಿದ್ದಾಗಿದೆ ಎಂದು ನನಗೆ ಪ್ರತಿ ಸಲವೂ ಅನ್ನಿಸುತ್ತದೆ. ಈಗ ರಾಜ್ಯ ಸರ್ಕಾರ ಅತ್ಯುತ್ತಮ ಪೋಷಕ ನಟರಿಗೆ ಕೊಡುವ ಪ್ರಶಸ್ತಿ ಅಶ್ವಥ್ ಅವರ ಹೆಸರಿನಲ್ಲೇ ಇದೆ. ಇದಕ್ಕಿಂತ ಸರಿಯಾದ ಗೌರವ ಬೇರೊಂದಿಲ್ಲ.

ದತ್ತಣ್ಣನವರ ದಾರಿ ಇವರಿಬ್ಬರ ದಾರಿಯಲ್ಲ. 1942ರಲ್ಲಿ ಚಿತ್ರದುರ್ಗದಲ್ಲಿ ಹುಟ್ಟಿದ ಅವರು ಎಂಜಿನಿಯರಿಂಗ್ ಓದಿ ಭಾರತೀಯ ವಾಯುಪಡೆ ಸೇರಿದರು. ಎರಡು ದಶಕಕ್ಕೂ ಹೆಚ್ಚು ಕಾಲ ಅಲ್ಲಿದ್ದು, ಆಮೇಲೆ ಎಚ್‌ಎಎಲ್‌ನಲ್ಲಿ ದುಡಿದರು. ನಾಟಕದ ಗೀಳು ಚಿಕ್ಕಂದಿನಿಂದಲೂ ಇತ್ತು, ಸಿನಿಮಾ ಕೈ ಹಿಡಿದದ್ದು ಮಾತ್ರ ನಲವತ್ತು ದಾಟಿದ ಮೇಲೆ. ‘ಆಸ್ಫೋಟ’, ‘ಉದ್ಭವ’ಗಳ ಕಾಲದಲ್ಲಿ ಅವರು ಹೊಸ ಮುಖ, ಆದರೆ ಹರೆಯದ ಮುಖವಲ್ಲ. ಅವರ ಅಣ್ಣ ಎಚ್. ಜಿ. ಸೋಮಶೇಖರ ರಾವ್ ಕೆನರಾ ಬ್ಯಾಂಕಿನ ನೌಕರಿಯಲ್ಲಿದ್ದುಕೊಂಡೇ ರಂಗಭೂಮಿ, ಸಿನಿಮಾ, ಕಿರುತೆರೆಗಳಲ್ಲಿ ದುಡಿದ ಒಳ್ಳೆಯ ನಟ. 2020ರಲ್ಲಿ ಅವರು ತೀರಿಕೊಂಡರು.

ಹಗಲು ನೌಕರಿ, ಸಂಜೆ ತಾಲೀಮು ಎಂಬ ಈ ಬಾಳು ಮತ್ತಿಕೆರೆಯವರಿಗೆ ಅಪರಿಚಿತವಲ್ಲ. ಒಂದು ಕಡೆ ಬಿಇಎಲ್, ಇನ್ನೊಂದು ಕಡೆ ಎಚ್‌ಎಂಟಿ, ಮತ್ತೊಂದು ಕಡೆ ವಿಜ್ಞಾನ ಸಂಸ್ಥೆ ಇರುವ ಸೀಮೆ ಇದು. ಕಾರ್ಖಾನೆಗಳ ಕನ್ನಡ ಸಂಘಗಳು ರಾಜ್ಯೋತ್ಸವಕ್ಕೆ, ಗಣೇಶನ ಹಬ್ಬಕ್ಕೆ ನಾಟಕ ಕಟ್ಟುತ್ತಿದ್ದ ಕಾಲದಲ್ಲಿ ಶಿಫ್ಟ್ ಮುಗಿಸಿ ಬಂದು ಬಣ್ಣ ಹಚ್ಚಿದವರು ಬೆಂಗಳೂರಿನ ಈ ಭಾಗದಲ್ಲಿ ಎಷ್ಟೋ ಜನ. ಅವರ ಹೆಸರು ಯಾವ ಪುಸ್ತಕದಲ್ಲೂ ಇಲ್ಲ. ಆದರೆ ಒಬ್ಬ ಮನುಷ್ಯ ಕಚೇರಿಯಲ್ಲಿ ಮೇಲಧಿಕಾರಿಯ ಮುಂದೆ ಹೇಗೆ ನಿಲ್ಲುತ್ತಾನೆ, ಸಂಬಳದ ದಿನ ಹೇಗೆ ನಡೆಯುತ್ತಾನೆ, ನಿವೃತ್ತಿಯ ಮರುದಿನ ಕೈಯನ್ನು ಎಲ್ಲಿಟ್ಟುಕೊಳ್ಳುತ್ತಾನೆ ಎಂಬುದನ್ನು ಅವರು ಅಭ್ಯಾಸ ಮಾಡಬೇಕಿರಲಿಲ್ಲ, ಬದುಕಿಯೇ ಬಲ್ಲವರಾಗಿದ್ದರು. ದತ್ತಣ್ಣನವರ ನಟನೆಯ ಬಲ ಇಲ್ಲೇ ಇದೆ ಎಂಬುದು ನನ್ನ ದೃಢ ನಂಬಿಕೆ. ಅವರ ಪಾತ್ರಗಳಿಗೆಲ್ಲ ಒಂದು ಕಸುಬು ಇರುತ್ತದೆ. ಆ ಕಸುಬು ಕತೆಯಲ್ಲಿ ಹೇಳಿದ್ದಷ್ಟೇ ಅಲ್ಲ, ಬೆನ್ನಿನಲ್ಲೂ ಬೆರಳಿನಲ್ಲೂ ಕಾಣಿಸುತ್ತದೆ.

ಇದನ್ನು ಪರೀಕ್ಷಿಸಲು ‘ಬೆಟ್ಟದ ಜೀವ’ ನೋಡಿ. 1943ರಲ್ಲಿ ಬಂದ ಶಿವರಾಮ ಕಾರಂತರ ಕಾದಂಬರಿಯನ್ನು ಶೇಷಾದ್ರಿಯವರೇ ಚಿತ್ರ ಮಾಡಿದರು. ಕಾಡು ಕಡಿದು, ಕಲ್ಲು ಒಡೆದು ಅಡಕೆ ತೋಟ ಎಬ್ಬಿಸಿದ ಗೋಪಾಲಯ್ಯನಾಗಿ ದತ್ತಣ್ಣ, ಮಡದಿ ಶಂಕರಿಯಾಗಿ ರಾಮೇಶ್ವರಿ ವರ್ಮ. ಮನೆ ಬಿಟ್ಟು ಹೋದ ಮಗ ಶಂಭು ತೆರೆಯ ಮೇಲೆ ಇಲ್ಲದಿದ್ದರೂ ಇಡೀ ಮನೆಯನ್ನು ತುಂಬಿಕೊಂಡಿದ್ದಾನೆ. ಗೋಪಾಲಯ್ಯ ಅತಿಥಿಗಳ ಮುಂದೆ ತಮಾಷೆಯ ಮನುಷ್ಯ, ಮಾತಿನ ಮಲ್ಲ. ಆ ತಮಾಷೆಯನ್ನು ನಂಬಿ ನಕ್ಕುಬಿಡಬೇಡಿ. ಮಾತು ಮುಗಿದ ಮೇಲೆ, ಅತಿಥಿ ಬೇರೆ ಕಡೆ ನೋಡುವ ಹೊತ್ತಿಗೆ, ಆ ಮುಖ ಏನಾಗುತ್ತದೆ ಎಂಬುದರ ಮೇಲೆ ಕಣ್ಣಿಡಿ. ಗಂಡ ಹೆಂಡತಿ ಇಬ್ಬರಿಗೂ ಒಂದೇ ನೋವು. ಆಕೆ ಅದನ್ನು ಹೇಳಿಕೊಳ್ಳುತ್ತಾಳೆ, ಈತ ಮಾತಿನಲ್ಲಿ ಮುಚ್ಚಿಡುತ್ತಾನೆ. ಹೇಳಿಕೊಳ್ಳುವುದನ್ನು ನಟಿಸುವುದು ಕಷ್ಟ, ಮುಚ್ಚಿಡುವುದನ್ನು ನಟಿಸಿ ಪ್ರೇಕ್ಷಕನಿಗೆ ಮಾತ್ರ ಕಾಣಿಸುವುದು ಅದಕ್ಕಿಂತ ಕಷ್ಟ. ಕಾದಂಬರಿ ಓದಿದವರು ತಮ್ಮ ಮನಸ್ಸಿನ ಗೋಪಾಲಯ್ಯನನ್ನು ಪಕ್ಕಕ್ಕಿಟ್ಟು ನೋಡಬೇಕು. ಓದದವರು ನೋಡಿದ ಮೇಲೆ ಓದಲಿ.

ಆಮೇಲೆ ‘ಮುನ್ನುಡಿ’. ಬೊಳುವಾರು ಮಹಮದ್ ಕುಂಞಿ ಅವರ ಕತೆ, ಕರಾವಳಿಯ ಮುಸ್ಲಿಂ ಸಮುದಾಯದ ಹೆಣ್ಣುಮಕ್ಕಳ ಬವಣೆ. 2000ನೇ ಸಾಲಿನ ಅತ್ಯುತ್ತಮ ಪೋಷಕ ನಟ ರಾಷ್ಟ್ರ ಪ್ರಶಸ್ತಿಯನ್ನು ದತ್ತಣ್ಣನವರಿಗೆ ತಂದ ಚಿತ್ರ ಇದು. ಚಿತ್ರದುರ್ಗದ ಬಯಲುಸೀಮೆಯಲ್ಲಿ ಹುಟ್ಟಿದವರು ಕಡಲ ತೀರದ ಬ್ಯಾರಿ ಮನೆಯೊಳಗೆ ನಿಂತಾಗ ಮಾತಿನ ಧಾಟಿ ಹೇಗೆ ಬದಲಾಗಿದೆ, ಉಸಿರು ಎಲ್ಲಿ ಬಿಡುತ್ತಾರೆ ಎಂಬುದನ್ನು ಕಣ್ಣು ಮುಚ್ಚಿ ಕೇಳಿ. ಪ್ರಾದೇಶಿಕ ಕನ್ನಡವನ್ನು ನಗಿಸುವುದಕ್ಕೆ ಬಳಸುವ ನಟರು ನಮ್ಮಲ್ಲಿ ಬೇಕಾದಷ್ಟು ಜನ ಇದ್ದಾರೆ. ಒಂದು ಊರಿನ ಮಾತನ್ನು ಆ ಊರಿನವರ ಮಾನ ಕಾಯ್ದುಕೊಂಡು ಆಡುವವರು ಕಡಿಮೆ. ಕಿವಿಯ ಈ ವಿವೇಕ ರಸಿಕರಿಗೂ ಬೇಕು.

ಗಂಭೀರ ಚಿತ್ರಗಳನ್ನಷ್ಟೇ ನೋಡಿ ನಿಲ್ಲಿಸಿದರೆ ಅನ್ಯಾಯವಾಗುತ್ತದೆ. ‘ನೀರ್‌ದೋಸೆ’ಯಲ್ಲಿ (2016) ಜಗ್ಗೇಶ್, ಹರಿಪ್ರಿಯಾ ಅವರ ನಡುವೆ ದತ್ತಣ್ಣ ಎಷ್ಟು ಹಗುರವಾಗಿ ಓಡಾಡುತ್ತಾರೆ ನೋಡಿ. ಪೋಲಿ ಮಾತಿನ ಚಿತ್ರದಲ್ಲೂ ಮುದಿತನದ ಒಂಟಿತನವನ್ನು ಒಂದು ನೋಟದಲ್ಲಿ ದಾಟಿಸಬಹುದೆಂದು ತೋರಿಸಿದ ಚಿತ್ರ ಅದು. ಅದನ್ನು ಬರೀ ಪೋಲಿ ಎಂದು ಬದಿಗಿಟ್ಟವರ ಮೇಲೆ ನನಗೆ ಸಿಟ್ಟಿದೆ.

2019ರ ಆಗಸ್ಟ್ 15ರಂದು ಬಿಡುಗಡೆಯಾದ ಹಿಂದಿಯ ‘ಮಿಷನ್ ಮಂಗಲ್’ನಲ್ಲಿ ಅವರು ಇಸ್ರೋದ ಹಿರಿಯ ಎಂಜಿನಿಯರ್. ಅಕ್ಷಯ್ ಕುಮಾರ್, ವಿದ್ಯಾ ಬಾಲನ್ ಅವರಂಥ ತಾರೆಯರು ತುಂಬಿರುವ ಚಿತ್ರ. ಅಷ್ಟು ಜನರ ನಡುವೆ ಅವರ ಪಾಲಿಗೆ ಬಂದದ್ದು ಸ್ವಲ್ಪವೇ. ಮತ್ತಿಕೆರೆಯವರು ಇದನ್ನು ವಿಶೇಷವಾಗಿ ನೋಡಬೇಕು, ಇಸ್ರೋದ ಕೇಂದ್ರ ಕಚೇರಿ ಅಂತರಿಕ್ಷ ಭವನ ಇರುವುದು ನಮ್ಮ ನ್ಯೂ ಬಿಇಎಲ್ ರಸ್ತೆಯಲ್ಲೇ. ನಿವೃತ್ತಿಯ ಆಸುಪಾಸಿನ ವಿಜ್ಞಾನಿಗಳನ್ನು, ತಂತ್ರಜ್ಞರನ್ನು ನಾವು ದಿನವೂ ತರಕಾರಿ ಅಂಗಡಿಯಲ್ಲಿ, ಜೆಪಿ ಪಾರ್ಕಿನ ವಾಕಿಂಗಿನಲ್ಲಿ ಕಾಣುತ್ತೇವೆ. ಸಭೆಯಲ್ಲಿ ಕಿರಿಯರು ಮಾತಾಡುವಾಗ ಅಂಥವರು ತಲೆಯನ್ನು ಹೇಗೆ ಓರೆ ಮಾಡಿ ಕೇಳುತ್ತಾರೆ, ಒಪ್ಪದಿದ್ದರೂ ಹೇಗೆ ಸುಮ್ಮನಿರುತ್ತಾರೆ ಎಂಬುದು ನಮಗೆ ಗೊತ್ತು. ವಾಯುಪಡೆಯ ಎಂಜಿನಿಯರ್ ಆಗಿದ್ದವರಿಗೂ ಅದು ಗೊತ್ತು. ತಾರೆಯರ ಹಿಂದೆ ನಿಂತು ಅವರು ಮಾಡುವ ಈ ಚಿಕ್ಕ ಕೆಲಸವನ್ನು ಹುಡುಕಿ ನೋಡುವುದೇ ಹೊಸ ರಸಿಕರಿಗೆ ಕೊನೆಯ ಪರೀಕ್ಷೆ.

ಇನ್ನೊಂದು ಅಭ್ಯಾಸ ಬೆಳೆಸಿಕೊಳ್ಳಿ. ಚಿತ್ರ ಮುಗಿದೊಡನೆ ಎದ್ದು ಹೋಗದೆ ಹೆಸರುಗಳ ಪಟ್ಟಿ ಓದಿ. ಒಂದೇ ದೃಶ್ಯದಲ್ಲಿ ಬಂದ ಪೋಸ್ಟ್‌ಮ್ಯಾನ್, ಎರಡು ಮಾತಾಡಿದ ಪಕ್ಕದ ಮನೆಯ ಅಜ್ಜಿ ಯಾರೆಂದು ತಿಳಿದುಕೊಳ್ಳಿ. ಮನೆಯವರ ಜೊತೆ ಮಾತಾಡುವಾಗ ‘ಆ ಅಪ್ಪನ ಪಾತ್ರದವರು’ ಎನ್ನಬೇಡಿ, ಹೆಸರು ಹಿಡಿದು ಹೇಳಿ. ಟೀವಿಯಲ್ಲಿ ಹಳೆಯ ಚಿತ್ರ ಬಂದಾಗ ಮಕ್ಕಳಿಗೆ ಲೋಕನಾಥ್ ಯಾರು, ಪಂಡರಿಬಾಯಿ ಯಾರು, ಶಿವರಾಂ ಯಾರು ಎಂದು ತೋರಿಸಿ. ‘ಭೂತಯ್ಯನ ಮಗ ಅಯ್ಯು’ ಬಂದು ಇಷ್ಟು ವರ್ಷವಾದರೂ ಅದರ ಉಪ್ಪಿನಕಾಯಿಯ ದೃಶ್ಯವನ್ನು ಜನ ಮರೆತಿಲ್ಲ. ಅದನ್ನು ಮಾಡಿದ ಲೋಕನಾಥ್ ಅವರೇ ‘ಮಿಂಚಿನ ಓಟ’ದಲ್ಲಿ ಶಂಕರ್‌ನಾಗ್, ಅನಂತನಾಗ್ ಜೊತೆಗಿನ ಕಳ್ಳ ತಾತ ಎಂಬುದು ಎಷ್ಟೋ ಜನರಿಗೆ ಗೊತ್ತಿಲ್ಲ. ಒಂದೇ ವಾರದಲ್ಲಿ ಈ ಎರಡನ್ನೂ ನೋಡಿ. ಒಬ್ಬನೇ ನಟ ಎಷ್ಟು ದೂರ ಹೋಗಬಲ್ಲ ಎಂಬುದಕ್ಕೆ ನಾನು ಇನ್ನೇನೂ ವಿವರಿಸಬೇಕಾಗಿಲ್ಲ.